ಅಪೀಲು ಗೈರುಹಾಜರಿಗೆ ವಜಾ ಆದರೆ: ಕಾಸರಗೋಡಿನವರಿಗೆ ಒಂದು ಕೈಪಿಡಿ

ಮುನ್ಸಿಫ್ ಕೋರ್ಟಿನಲ್ಲಿ ದಾವೆ ಸೋತು ಅಪೀಲು ಹಾಕಿದವರಲ್ಲಿ ಅನೇಕರು ಆಮೇಲೆ ಆ ಕಡೆ ತಲೆ ಹಾಕುವುದಿಲ್ಲ. ಅಪೀಲು ಎಂದರೆ ಕಾಗದದ ಮೇಲಿನ ವಾದ, ಸಾಕ್ಷಿ ಹೇಳುವುದಕ್ಕಿಲ್ಲ, ವಕೀಲರು ನೋಡಿಕೊಳ್ಳುತ್ತಾರೆ ಎಂಬ ನಂಬಿಕೆ. ಬಹುಮಟ್ಟಿಗೆ ಅದು ನಿಜವೂ ಹೌದು. ಆದರೆ ಕೇಸು ಕೂಗಿದ ಹೊತ್ತಿಗೆ ಅಪೀಲುದಾರನ ಕಡೆಯಿಂದ ಯಾರೂ ಎದ್ದು ನಿಲ್ಲದಿದ್ದರೆ ನ್ಯಾಯಾಧೀಶರು ಅಪೀಲನ್ನು ವಜಾ ಮಾಡಬಹುದು. ತೋಟದ ಗಡಿಯೋ, ದಾರಿಯ ಹಕ್ಕೋ, ಕುಟುಂಬದ ಪಾಲೋ ಏನೇ ಇರಲಿ, ಕೆಳಗಿನ ಕೋರ್ಟಿನ ತೀರ್ಪೇ ಉಳಿಯುತ್ತದೆ. ಮಂಜೇಶ್ವರ, ಕುಂಬಳೆ, ಬದಿಯಡ್ಕ, ಮುಳ್ಳೇರಿಯದ ಕಡೆಯ ಅಪೀಲುದಾರರಲ್ಲಿ ಮುಂಬೈ, ಬೆಂಗಳೂರು, ಗಲ್ಫ್ ಎಂದು ಊರು ಬಿಟ್ಟವರೇ ಹೆಚ್ಚು. ವಿಷಯ ಅವರ ಕಿವಿಗೆ ಬೀಳುವ ಹೊತ್ತಿಗೆ ಎದುರುದಾರ ಅಮಲ್ಜಾರಿ (ತೀರ್ಪನ್ನು ಜಾರಿಗೆ ತರುವ) ಅರ್ಜಿ ಹಾಕಿ ಆಗಿರುತ್ತದೆ.

ಹೀಗೆ ವಜಾ ಆದ ಅಪೀಲನ್ನು ಮತ್ತೆ ಕಡತಕ್ಕೆ ತರಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ (ಆರ್ಡರ್) 19ನೇ ನಿಯಮದಲ್ಲಿ ದಾರಿ ಇದೆ. ಸಮಯ 30 ದಿನ. ಆ 30 ದಿನವನ್ನು ಎಲ್ಲಿಂದ ಎಣಿಸಬೇಕು, ಅಫಿಡವಿಟ್ಟಿನಲ್ಲಿ ಏನು ಬರೆಯಬೇಕು, ಏನು ಬರೆಯಬಾರದು ಎಂಬುದನ್ನು ಸರಿಯಾಗಿ ತಿಳಿದುಕೊಂಡರೆ ಹೆಚ್ಚಿನ ಅಪೀಲುಗಳನ್ನು ಉಳಿಸಿಕೊಳ್ಳಬಹುದು.

ಮೊದಲು ಆದೇಶವನ್ನು ಓದಿ

ಅಪೀಲು ಹೋಯಿತು ಎಂದು ಯಾರೋ ಹೇಳಿದ ಕೂಡಲೇ ಅರ್ಜಿ ಬರೆಯಲು ಕೂರಬೇಡಿ. ಹೇಗೆ ಹೋಯಿತು ಎಂಬುದನ್ನು ಮೊದಲು ತಿಳಿಯಬೇಕು, ಏಕೆಂದರೆ ಮುಂದಿನ ಹಾದಿ ಅದರ ಮೇಲೆ ನಿಂತಿದೆ. ಇ-ಕೋರ್ಟ್ಸ್ ಸರ್ವಿಸಸ್ ಆ್ಯಪ್‌ನಲ್ಲಿ ಪ್ರತಿ ಕೇಸಿಗೂ ಇರುವ 16 ಅಕ್ಷರ-ಅಂಕಿಗಳ ಸಿ.ಎನ್.ಆರ್. ಸಂಖ್ಯೆ ಹಾಕಿದರೆ ಕೇಸಿನ ಸ್ಥಿತಿ ಕಾಣುತ್ತದೆ. ಸಿ.ಎನ್.ಆರ್. ಗೊತ್ತಿಲ್ಲದಿದ್ದರೆ ಎ.ಎಸ್. (ಅಪೀಲಿನ) ಸಂಖ್ಯೆ, ವರ್ಷ ಮತ್ತು ಕೋರ್ಟಿನ ಹೆಸರು ಸಾಕು. ಅಲ್ಲಿ ‘ಡಿಸ್‌ಮಿಸ್ಡ್ ಫಾರ್ ಡಿಫಾಲ್ಟ್’ ಎಂದಿದ್ದರೆ ಅದು ಗೈರುಹಾಜರಿಯ ವಜಾ. ಆದರೂ ಆ್ಯಪ್‌ನ ಒಂದು ಸಾಲನ್ನೇ ನಂಬಿ ನಿಲ್ಲದೆ ಕೋರ್ಟಿನ ‘ಎ’ ಡೈರಿ ಎಂಬ ದಿನದ ಕಲಾಪದ ಪುಸ್ತಕದಲ್ಲಿ ಆ ದಿನ ಏನು ಬರೆದಿದ್ದಾರೆ ಎಂದು ವಕೀಲರ ಗುಮಾಸ್ತರ ಮೂಲಕ ನೋಡಿಸಿ, ಆದೇಶದ ನಕಲಿಗೂ ಅರ್ಜಿ ಹಾಕಿಬಿಡಿ.

‘ಅಪೀಲುದಾರ ಇಲ್ಲ, ಅವರ ಪರವಾಗಿ ಯಾರೂ ಇಲ್ಲ, ಅಪೀಲು ವಜಾ’ ಎಂಬ ಅರ್ಥದ ಎರಡು ಸಾಲಿದ್ದರೆ ಅದು ಅದೇ 41ನೇ ಆದೇಶದ 17ನೇ ನಿಯಮದಡಿ ಕೊಟ್ಟ ಆದೇಶ. ಪರಿಹಾರ 19ನೇ ನಿಯಮ. ಅಪೀಲು ಇನ್ನೂ ಸ್ವೀಕಾರದ ಹಂತದಲ್ಲಿದ್ದಾಗ ಯಾರೂ ಬಾರದೆ 11ನೇ ನಿಯಮದ 2ನೇ ಉಪನಿಯಮದಡಿ ವಜಾ ಆಗಿದ್ದರೂ ದಾರಿ ಇದೇ.

ಕೆಲವೊಮ್ಮೆ ಆದೇಶ ನಾಲ್ಕೈದು ಪುಟ ಇರುತ್ತದೆ. ಅಪೀಲುದಾರ ಹಾಜರಿಲ್ಲ ಎಂದು ಆರಂಭಿಸಿ, ಮುಂದೆ ದಾಖಲೆ, ಸಾಕ್ಷ್ಯ ಎಲ್ಲವನ್ನೂ ಚರ್ಚಿಸಿ, ಕೆಳಗಿನ ಕೋರ್ಟಿನ ತೀರ್ಪು ಸರಿ ಎಂದು ಅಪೀಲು ವಜಾ ಮಾಡಿರುತ್ತಾರೆ. ಹೀಗೆ ಮಾಡುವಂತಿಲ್ಲ. 1976ರ ತಿದ್ದುಪಡಿಯಲ್ಲಿ 17ನೇ ನಿಯಮಕ್ಕೆ ಒಂದು ವಿವರಣೆ ಸೇರಿಸಿ, ಅಪೀಲುದಾರ ಗೈರುಹಾಜರಾದಾಗ ಅಪೀಲನ್ನು ಗುಣಾವಗುಣದ ಮೇಲೆ ವಜಾ ಮಾಡುವ ಅಧಿಕಾರ ಕೋರ್ಟಿಗಿಲ್ಲ ಎಂದು ಸ್ಪಷ್ಟಪಡಿಸಲಾಗಿದೆ. ಸುಪ್ರೀಂ ಕೋರ್ಟ್ 1996ರ ಅಬ್ದುರ್ ರಹಮಾನ್ ಪ್ರಕರಣದಲ್ಲಿಯೂ 2012ರ ಘನಶ್ಯಾಮ್ ದಾಸ್ ಗುಪ್ತಾ ಪ್ರಕರಣದಲ್ಲಿಯೂ ಇದನ್ನೇ ಹೇಳಿತು. ಕಾರಣ ಸರಳ. ಗೈರುಹಾಜರಿಗೆ ವಜಾ ಆದರೆ ಬಾಗಿಲು ಮತ್ತೆ ತೆರೆಯಬಹುದು, ಗುಣಾವಗುಣದ ಮೇಲೆ ವಜಾ ಆದರೆ ಆ ಬಾಗಿಲೇ ಮುಚ್ಚಿಹೋಗುತ್ತದೆ. ಅಂಥ ಆದೇಶ ಕೈಗೆ ಬಂದರೆ ಹೈಕೋರ್ಟಿನಲ್ಲಿ ಎರಡನೇ ಅಪೀಲು ಹಾಕಿ ಈ ಒಂದು ಅಂಶವನ್ನೇ ಮುಂದಿಡಬೇಕು. ಅದಕ್ಕೆ 90 ದಿನ ಇದೆ, ನಕಲು ತಯಾರಾಗಲು ಹಿಡಿದ ಸಮಯವನ್ನು ಆ ಲೆಕ್ಕದಿಂದ ಬಿಡಲಾಗುತ್ತದೆ.

ಬರೀ ಗೈರುಹಾಜರಿಯ ವಜಾ ಆಗಿದ್ದರೆ ಎರಡನೇ ಅಪೀಲು ಹಾಕಬೇಡಿ. ಸಂಹಿತೆಯ 2ನೇ ಪ್ರಕರಣದ (ಸೆಕ್ಷನ್) 2ನೇ ಉಪಪ್ರಕರಣದ ಪ್ರಕಾರ ಗೈರುಹಾಜರಿಗೆ ವಜಾ ಮಾಡಿದ ಆದೇಶ ‘ಡಿಕ್ರಿ’ ಅಲ್ಲ, ಡಿಕ್ರಿ ಅಲ್ಲದ್ದರ ಮೇಲೆ ಎರಡನೇ ಅಪೀಲು ನಿಲ್ಲುವುದಿಲ್ಲ. ಹೈಕೋರ್ಟಿರುವ ಎರ್ನಾಕುಳಂವರೆಗೆ ಹೋಗಿ, ಅಲ್ಲಿ ನಿಲ್ಲದೆ, ತಿರುಗಿ ಜಿಲ್ಲಾ ಕೋರ್ಟಿಗೆ ಬರುವಷ್ಟರಲ್ಲಿ 30 ದಿನ ಕಳೆದುಹೋಗಿರುತ್ತದೆ.

ಅಪೀಲುದಾರ ತೀರಿಕೊಂಡಿದ್ದರೆ ಅದು ಬೇರೆಯೇ ವಿಷಯ. ವಾರಸುದಾರರನ್ನು 90 ದಿನಗಳೊಳಗೆ ಸೇರಿಸದಿದ್ದರೆ ಅಪೀಲು ತಾನಾಗಿಯೇ ಬಿದ್ದುಹೋಗುತ್ತದೆ. ಅದನ್ನು ರದ್ದುಪಡಿಸಿಕೊಳ್ಳಲು ಮುಂದೆ 60 ದಿನ ಇದೆ. ಅಲ್ಲಿ 22ನೇ ಆದೇಶದ ಅರ್ಜಿಗಳು ಬೇಕು, 19ನೇ ನಿಯಮದ ಅರ್ಜಿ ಅಲ್ಲ.

ದಿನ ಎಣಿಸುವುದು

ಅತಿ ಹೆಚ್ಚು ಅಪೀಲುಗಳು ಸಾಯುವುದು ಇಲ್ಲಿ. 1963ರ ಪರಿಮಿತಿ ಕಾಯಿದೆಯ 122ನೇ ಅನುಚ್ಛೇದ 30 ದಿನ ಕೊಡುತ್ತದೆ, ಅದೂ ವಜಾ ಆದ ದಿನಾಂಕದಿಂದ. ನಿಮಗೆ ತಿಳಿದ ದಿನದಿಂದ ಅಲ್ಲ. ಅಪೀಲಿನಲ್ಲಿ ಎದುರುದಾರ ಗೈರುಹಾಜರಾಗಿ ಅಪೀಲು ಏಕಪಕ್ಷೀಯವಾಗಿ ತೀರ್ಮಾನವಾದರೆ ಅನ್ವಯಿಸುವುದು ಪಕ್ಕದ 123ನೇ ಅನುಚ್ಛೇದ. ಅಲ್ಲಿ ನೋಟಿಸು ಸರಿಯಾಗಿ ಜಾರಿ ಆಗಿರದಿದ್ದರೆ ತಿಳಿದ ದಿನದಿಂದ ಎಣಿಸಬಹುದು. ಎರಡನ್ನೂ ಕಲಸಿಕೊಂಡು ‘ನನಗೆ ಗೊತ್ತಾಗಿದ್ದು ಮೊನ್ನೆ’ ಎಂದು ನೆಮ್ಮದಿಯಿಂದ ಕುಳಿತವರು ತುಂಬ ಇದ್ದಾರೆ. ಅಪೀಲು ಹಾಕಿದ್ದು ನೀವೇ ಆದ್ದರಿಂದ ಅದರ ವಾಯಿದೆ ತಿಳಿದಿರಬೇಕಾದದ್ದೂ ನೀವೇ ಎಂಬುದು ಕಾನೂನಿನ ನಿಲುವು.

ವಜಾ ಆದ ದಿನವನ್ನು ಬಿಟ್ಟು ಎಣಿಸಿ. ಜೂನ್ 3ರಂದು ವಜಾ ಆಗಿದ್ದರೆ ಜುಲೈ 3 ಕೊನೆಯ ದಿನ. 30ನೇ ದಿನ ಕೋರ್ಟಿಗೆ ರಜೆ ಇದ್ದರೆ ಮತ್ತೆ ತೆರೆದ ದಿನ ಹಾಕಬಹುದು, ಇದು ಅದೇ ಕಾಯಿದೆಯ 4ನೇ ಪ್ರಕರಣ. ಕೇರಳದ ಸಿವಿಲ್ ಕೋರ್ಟುಗಳಿಗೆ ಏಪ್ರಿಲ್–ಮೇ ಬೇಸಿಗೆ ರಜೆ, ಓಣಂ ರಜೆ, ಕ್ರಿಸ್‌ಮಸ್ ರಜೆ ಇರುವುದರಿಂದ ಇದು ಆಗಾಗ ಉಪಯೋಗಕ್ಕೆ ಬರುತ್ತದೆ. ಆದರೆ ಕೊನೆಯ ದಿನ ರಜೆಯೊಳಗೆ ಬಿದ್ದಿರಬೇಕು. ರಜೆ ಶುರುವಾಗುವ ಹಿಂದಿನ ದಿನವೇ 30 ಮುಗಿದಿದ್ದರೆ ರಜೆಯ ಲೆಕ್ಕ ಹೇಳಿ ಪ್ರಯೋಜನವಿಲ್ಲ.

ಇನ್ನೊಂದು ಗುಂಡಿ ನಕಲಿನದು. ಅಪೀಲು, ಮರುಪರಿಶೀಲನೆಗಳಿಗೆ ನಕಲು ಪಡೆಯಲು ಹಿಡಿದ ಸಮಯವನ್ನು ಪರಿಮಿತಿ ಕಾಯಿದೆಯ 12ನೇ ಪ್ರಕರಣ ಕಳೆದುಕೊಡುತ್ತದೆ. 19ನೇ ನಿಯಮದ ಅರ್ಜಿ ಆ ಪಟ್ಟಿಯಲ್ಲಿಲ್ಲ. ಹಾಗಾಗಿ ನಕಲು ಬರಲಿ ಎಂದು ಕಾಯಬೇಡಿ. ದಿನಾಂಕ ಖಚಿತವಾದ ಕೂಡಲೇ ಅರ್ಜಿ ಹಾಕಿ, ನಕಲನ್ನು ಆಮೇಲೆ ಸೇರಿಸಿ.

30 ದಿನ ಮೀರಿದ್ದರೆ ಅದೇ ಕಾಯಿದೆಯ 5ನೇ ಪ್ರಕರಣದಡಿ ವಿಳಂಬ ಮನ್ನಾ ಅರ್ಜಿಯನ್ನು ಜೊತೆಗೇ ಹಾಕಬೇಕು. ಆಗ ಎರಡು ಪ್ರಶ್ನೆಗೆ ಎರಡು ಉತ್ತರ ಬೇಕು: ಆ ದಿನ ಏಕೆ ಬರಲಿಲ್ಲ, ಆಮೇಲೆ ಇಷ್ಟು ದಿನ ಏಕೆ ಸುಮ್ಮನಿದ್ದಿರಿ. ಒಂದರ ಉತ್ತರವನ್ನೇ ಇನ್ನೊಂದಕ್ಕೂ ನಕಲು ಮಾಡುವುದರಿಂದ ಎರಡೂ ಅರ್ಜಿ ಬೀಳುತ್ತವೆ. ಆಸ್ಪತ್ರೆಯಲ್ಲಿದ್ದದ್ದು ಆ ದಿನದ ಕಾರಣ ಆಗಬಹುದು, ಮನೆಗೆ ಬಂದ ಮೇಲಿನ 2 ತಿಂಗಳಿಗೆ ಬೇರೆ ಕಾರಣ ಹೇಳಲೇಬೇಕು.

ಅರ್ಜಿ ಮತ್ತು ಅಫಿಡವಿಟ್

ಅರ್ಜಿ ಹಾಕಬೇಕಾದದ್ದು ವಜಾ ಮಾಡಿದ ಕೋರ್ಟಿಗೇ. ಅಪೀಲನ್ನು ವಿದ್ಯಾನಗರದ ಜಿಲ್ಲಾ ಕೋರ್ಟಿನಲ್ಲಿ ದಾಖಲಿಸಿ, ಅಲ್ಲಿಂದ ಹೆಚ್ಚುವರಿ ಜಿಲ್ಲಾ ಕೋರ್ಟಿಗೋ ಸಬ್ ಕೋರ್ಟಿಗೋ ವರ್ಗ ಮಾಡಿರಬಹುದು. ವಜಾ ಮಾಡಿದ್ದು ಯಾವುದೆಂದು ನೋಡಿ. ಐ.ಎ. (ಮಧ್ಯಂತರ ಅರ್ಜಿ) ರೂಪದಲ್ಲಿ ಅರ್ಜಿ, ಅದರ ಜೊತೆ ಅಫಿಡವಿಟ್, ಆಧಾರಗಳು, ಎದುರುದಾರರಿಗೆ ಪ್ರತಿಗಳು, ಚಿಕ್ಕ ಮೊತ್ತದ ಕೋರ್ಟ್ ಫೀ, ಇಷ್ಟೇ. ಅಪೀಲಿಗೆ ಕಟ್ಟಿದ ಪೂರ್ತಿ ಕೋರ್ಟ್ ಫೀಯನ್ನು ಮತ್ತೆ ಕಟ್ಟಬೇಕಾಗಿಲ್ಲ. ಕೇರಳದಲ್ಲಿ ಈಗ ಇ-ಫೈಲಿಂಗ್ ಇರುವುದರಿಂದ ಎಲ್ಲವನ್ನೂ ಓದಲು ಬರುವಂತೆ ಸ್ಕ್ಯಾನ್ ಮಾಡಬೇಕು. ಮಸುಕಾದ ಆಸ್ಪತ್ರೆ ಚೀಟಿಯನ್ನು ಮೊಬೈಲಿನಲ್ಲಿ ಫೋಟೊ ತೆಗೆದು ಹಾಕಿ, ಅರ್ಜಿ ದೋಷಪೂರಿತ ಎಂದು ವಾಪಸಾಗಿ ದಿನ ಹಾಳಾಗುವುದುಂಟು.

ಇಡೀ ಅರ್ಜಿಯ ಜೀವ ಇರುವುದು ಅಫಿಡವಿಟ್ಟಿನಲ್ಲಿ. ನಿಯಮ ಕೇಳುವುದು ಒಂದೇ: ಅಪೀಲನ್ನು ಕೂಗಿದಾಗ ಹಾಜರಾಗದಂತೆ ತಡೆದ ‘ಸಾಕಷ್ಟು ಕಾರಣ’ ಇತ್ತೇ? ಅಪೀಲಿನಲ್ಲಿ ಗೆಲ್ಲುವ ಸಾಧ್ಯತೆ ಎಷ್ಟು, ಕೆಳಗಿನ ಕೋರ್ಟು ಎಲ್ಲಿ ತಪ್ಪಿತು ಎಂಬ ಪುರಾಣ ಇಲ್ಲಿ ಬೇಡ. ಸಾಕಷ್ಟು ಕಾರಣವಿತ್ತೆಂದು ಸಾಬೀತಾದರೆ ಕೋರ್ಟು ಅಪೀಲನ್ನು ಮತ್ತೆ ಸ್ವೀಕರಿಸಲೇಬೇಕು, ನಿಯಮದ ಭಾಷೆ ಕಡ್ಡಾಯದ್ದು.

ಸಾಮಾನ್ಯವಾಗಿ ಕಾಣುವ ಅಫಿಡವಿಟ್ ಹೀಗಿರುತ್ತದೆ: ‘ಅನಿವಾರ್ಯ ಕಾರಣಗಳಿಂದ ನನಗೆ ಮತ್ತು ನನ್ನ ವಕೀಲರಿಗೆ ಹಾಜರಾಗಲು ಆಗಲಿಲ್ಲ. ಇದು ಉದ್ದೇಶಪೂರ್ವಕವಲ್ಲ. ಅಪೀಲು ಪುನಃಸ್ಥಾಪನೆ ಆಗದಿದ್ದರೆ ತುಂಬಲಾರದ ನಷ್ಟವಾಗುತ್ತದೆ.’ ಇದರಲ್ಲಿ ಪರೀಕ್ಷಿಸಿ ನೋಡಬಹುದಾದ ಒಂದು ಸಂಗತಿಯೂ ಇಲ್ಲ. ಎದುರು ವಕೀಲರು ‘ಕಾರಣ ಏನೆಂದೇ ಹೇಳಿಲ್ಲ’ ಎಂಬ ಒಂದೇ ವಾಕ್ಯದ ಆಕ್ಷೇಪಣೆ ಹಾಕಿದರೆ ಅರ್ಜಿ ಅಲ್ಲಿಗೆ ಮುಗಿಯಿತು.

ಅದರ ಬದಲು ಹೀಗೆ ಬರೆಯಿರಿ: ‘ಅಪೀಲು ಈ ತಿಂಗಳ 12ಕ್ಕೆ ವಾದಕ್ಕೆ ನಿಗದಿಯಾಗಿತ್ತು. ಹಿಂದಿನ ವಾಯಿದೆಯ ದಿನ ನನ್ನ ವಕೀಲರ ಕಚೇರಿಯ ಡೈರಿಯಲ್ಲಿ ಅದು 21 ಎಂದು ದಾಖಲಾಯಿತು. ಡೈರಿಯ 12 ಮತ್ತು 21ನೇ ತಾರೀಖಿನ ಪುಟಗಳ ಪ್ರತಿಯನ್ನು ಇದರೊಂದಿಗೆ ಇಟ್ಟಿದ್ದೇನೆ. 12ರಂದು ವಕೀಲರು ಹೊಸದುರ್ಗದ ಕೋರ್ಟಿನಲ್ಲಿ ಬೇರೊಂದು ಕೇಸಿನಲ್ಲಿದ್ದರು. 21ರಂದು ಕಡತ ಕೇಳಿದಾಗ ಅಪೀಲು 12ರಂದೇ ವಜಾ ಆದದ್ದು ತಿಳಿಯಿತು. ಮರುದಿನವೇ ಈ ಅರ್ಜಿ ಸಲ್ಲಿಸಿದ್ದೇನೆ.’ ದಿನಾಂಕ, ಜಾಗ, ಕಾಗದ, ತಿಳಿದ ಬಗೆ, ತಿಳಿದ ಮೇಲೆ ಮಾಡಿದ್ದು, ಎಲ್ಲವೂ ಇಲ್ಲಿದೆ. ಡೈರಿ ವಕೀಲರದ್ದಾದ್ದರಿಂದ ಅವರದೋ ಗುಮಾಸ್ತರದೋ ಪ್ರತ್ಯೇಕ ಅಫಿಡವಿಟ್ ಜೊತೆಗಿದ್ದರೆ ಬಲ ಹೆಚ್ಚು. ತನಗೆ ಸ್ವಂತ ಗೊತ್ತಿಲ್ಲದ್ದನ್ನು ಕಕ್ಷಿದಾರನೇ ಪ್ರಮಾಣ ಮಾಡಿದರೆ ಪಾಟೀಸವಾಲಿನಲ್ಲಿ ನಿಲ್ಲುವುದು ಕಷ್ಟ.

ಕಾಯಿಲೆಯ ಕಾರಣಕ್ಕೆ ಡಿಸ್ಚಾರ್ಜ್ ಸಾರಾಂಶ ಬೇಕು. ಕಾಸರಗೋಡಿನವರು ಚಿಕಿತ್ಸೆಗೆ ಮಂಗಳೂರಿಗೆ ಹೋಗುವುದು ಕೋರ್ಟಿಗೆ ಹೊಸ ಸಂಗತಿಯಲ್ಲ. ದಾಖಲಾದ ಮತ್ತು ಬಿಡುಗಡೆಯಾದ ತಾರೀಖಿರುವ ಕಾಗದ ಇಟ್ಟರೆ ಮುಗಿಯಿತು. ಒಂದು ತಿಂಗಳ ಬಳಿಕ ಬರೆಸಿದ ‘ವಿಶ್ರಾಂತಿ ಬೇಕಿತ್ತು’ ಎಂಬ ಸರ್ಟಿಫಿಕೇಟಿಗೆ ಅಷ್ಟು ಬೆಲೆ ಬರುವುದಿಲ್ಲ. ಎದುರುದಾರ ಒಪ್ಪದಿದ್ದರೆ ಡಾಕ್ಟರನ್ನೇ ಕರೆಸಿ ಹೇಳಿಸಬೇಕಾದೀತು. ಆದರೆ ಒಂದು ಮಾತು: ವಕೀಲರಿದ್ದ ಮೇಲೆ ಕಕ್ಷಿದಾರನ ಕಾಯಿಲೆಯೊಂದೇ ಸಾಲದು. ಅಪೀಲಿನಲ್ಲಿ ವಾದ ಮಾಡುವವರು ವಕೀಲರು, ಅವರು ಏಕೆ ಇರಲಿಲ್ಲ ಎಂಬುದಕ್ಕೂ ಉತ್ತರ ಬೇಕು. ಹರತಾಳ, ಮಳೆಗೆ ರಸ್ತೆ ಕಡಿತ, ರೈಲು ತಡ ಆದದ್ದು ಕಾರಣವಾದರೆ ಆ ದಿನದ ಪತ್ರಿಕೆಯ ತುಣುಕು, ಟಿಕೆಟು ಇಡಿ. ಅಪೀಲು ಬೇರೆ ಕೋರ್ಟಿಗೆ ವರ್ಗವಾಗಿ ನಿಮಗೆ ನೋಟಿಸೇ ಬಾರದಿದ್ದರೆ ಅದಕ್ಕಿಂತ ಗಟ್ಟಿ ಕಾರಣ ಬೇರಿಲ್ಲ; ‘ಎ’ ಡೈರಿಯ ದಾಖಲೆಯೇ ನಿಮ್ಮ ಸಾಕ್ಷಿ.

ತಪ್ಪು ಪೂರ್ತಿ ವಕೀಲರದ್ದೇ ಆಗಿದ್ದರೆ? 1981ರ ರಫೀಕ್–ಮುನ್ಶಿಲಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಹಳ್ಳಿಯ ಕಕ್ಷಿದಾರ ವಕೀಲರನ್ನು ನೇಮಿಸಿ ಫೀಸು ಕೊಟ್ಟ ಮೇಲೆ ವಕೀಲರ ಗೈರುಹಾಜರಿಗೆ ಅವನನ್ನು ಶಿಕ್ಷಿಸುವುದು ಸರಿಯಲ್ಲ ಎಂದು ಹೇಳಿ ವಜಾ ಆದ ಅಪೀಲನ್ನು ಪುನಃಸ್ಥಾಪಿಸಿತು. ಇಂದಿಗೂ ಇಂಥ ಅರ್ಜಿಗಳಲ್ಲಿ ಮೊದಲು ತೋರಿಸುವ ತೀರ್ಪು ಇದು. ಹಾಗೆಂದು ಅದೇ ಸಾಕು ಎಂದುಕೊಳ್ಳಬೇಡಿ. 1993ರಲ್ಲಿ ಅದೇ ಕೋರ್ಟು ಸಲಿಲ್ ದತ್ತಾ ಪ್ರಕರಣದಲ್ಲಿ, ಎಲ್ಲ ತಪ್ಪನ್ನೂ ವಕೀಲರ ತಲೆಗೆ ಕಟ್ಟಿ ಪಾರಾಗಲು ಬರುವುದಿಲ್ಲ, ಅದು ಎಲ್ಲ ಸಂದರ್ಭಕ್ಕೂ ಅನ್ವಯಿಸುವ ನಿಯಮವಲ್ಲ ಎಂದಿತು. ನೀವು ವಿಚಾರಿಸುತ್ತಿದ್ದಿರಿ ಎಂಬುದಕ್ಕೆ ಗುರುತು ಬೇಕು: ವಾಟ್ಸ್ಆ್ಯಪ್ ಸಂದೇಶ, ಕರೆಯ ಪಟ್ಟಿ, ಫೀಸು ಕಳಿಸಿದ ಬ್ಯಾಂಕ್ ದಾಖಲೆ. ವರ್ಷಗಟ್ಟಲೆ ಒಂದು ಫೋನೂ ಮಾಡದವರಿಗೆ 1981ರ ತೀರ್ಪು ನೆರಳು ಕೊಡುವುದಿಲ್ಲ.

ಎದುರುದಾರ ಸಾಮಾನ್ಯವಾಗಿ ‘ಇವರು ಮೊದಲೂ ಹಲವು ಬಾರಿ ಮುಂದೂಡಿಸಿದ್ದಾರೆ’ ಎಂದು ಹಳೆಯ ವಾಯಿದೆಗಳ ಪಟ್ಟಿ ತೆಗೆಯುತ್ತಾರೆ. ಏಕಪಕ್ಷೀಯ ಡಿಕ್ರಿ ರದ್ದತಿಯ ಬಗ್ಗೆ 2000ದ ಜಿ.ಪಿ. ಶ್ರೀವಾಸ್ತವ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ನೋಡಬೇಕಾದದ್ದು ಗೈರುಹಾಜರಾದ ಆ ದಿನದ ಕಾರಣವನ್ನು, ಹಿಂದಿನ ನಡವಳಿಕೆಯನ್ನಲ್ಲ ಎಂದು ಹೇಳಿದೆ. ಅದೇ ತರ್ಕವನ್ನು ಇಲ್ಲಿಯೂ ಮಂಡಿಸಬಹುದು.

ಕನ್ನಡದಲ್ಲಿ ಓದಿ ಹೇಳಿಸಿಕೊಳ್ಳಿ

ಅಫಿಡವಿಟ್ ಇಂಗ್ಲಿಷಿನಲ್ಲಿ ತಯಾರಾಗುತ್ತದೆ, ಸಹಿ ಹಾಕುವವರಿಗೆ ಕನ್ನಡವೋ ತುಳುವೋ ಮಾತ್ರ ಬರುತ್ತದೆ. ಇದು ನಮ್ಮ ಜಿಲ್ಲೆಯ ನಿತ್ಯದ ಪಾಡು. ಒಂದೊಂದು ಪ್ಯಾರಾವನ್ನೂ ಕನ್ನಡದಲ್ಲಿ ಹೇಳಿಸಿಕೊಂಡ ಮೇಲೆಯೇ ಸಹಿ ಹಾಕಿ. ‘ಇದನ್ನು ಕನ್ನಡದಲ್ಲಿ ಓದಿ ವಿವರಿಸಲಾಗಿದೆ, ಪ್ರಮಾಣ ಮಾಡಿದವರು ಅರ್ಥಮಾಡಿಕೊಂಡು ಸಹಿ ಹಾಕಿದ್ದಾರೆ’ ಎಂಬ ಷರಾ ಕೊನೆಯಲ್ಲಿ ಇರಲೇಬೇಕೆಂದು ಪಟ್ಟು ಹಿಡಿಯಿರಿ. ಇದು ಬರೀ ಶಾಸ್ತ್ರಕ್ಕಲ್ಲ. ಪಾಟೀಸವಾಲಿನಲ್ಲಿ ‘ಇದರಲ್ಲಿ ಏನಿದೆ ಎಂದು ಗೊತ್ತೇ?’ ಎಂಬ ಪ್ರಶ್ನೆ ಬಂದಾಗ ‘ವಕೀಲರು ಬರೆದರು, ನಾನು ಸಹಿ ಹಾಕಿದೆ’ ಎಂದು ಮುಗ್ಧವಾಗಿ ಉತ್ತರಿಸಿದರೆ ಒಳ್ಳೆಯ ಕಾರಣವೂ ನೀರಿಗೆ ಹೋಗುತ್ತದೆ. ಆಧಾರವಾಗಿ ಇಡುವ ಪತ್ರ, ಪತ್ರಿಕೆಯ ತುಣುಕು ಕನ್ನಡದಲ್ಲಿದ್ದರೆ ಅನುವಾದವನ್ನೂ ಜೊತೆಗೆ ಕೊಡಿ, ನ್ಯಾಯಾಧೀಶರಿಗೆ ಕನ್ನಡ ಬರುತ್ತದೆಂದು ಲೆಕ್ಕ ಹಾಕಬೇಡಿ.

ಅಪೀಲುದಾರ ಗಲ್ಫಿನಲ್ಲಿದ್ದರೆ ಅಲ್ಲಿನ ಭಾರತೀಯ ರಾಯಭಾರ ಕಚೇರಿಯಲ್ಲಿ ಸಹಿ ಮಾಡಿಸಿ ತರಿಸಲು ಸಮಯ ಹಿಡಿಯುತ್ತದೆ. ಅಷ್ಟರಲ್ಲಿ ವಿಷಯ ನೇರವಾಗಿ ತಿಳಿದ ಊರಿನ ಮುಕ್ತಾರುದಾರರದೋ (ಪವರ್ ಆಫ್ ಅಟಾರ್ನಿ ಇರುವವರು) ವಕೀಲರದೋ ಅಫಿಡವಿಟ್ಟಿನ ಮೇಲೆ ಅರ್ಜಿ ಹಾಕಿ ದಿನ ಉಳಿಸಿಕೊಳ್ಳುವುದು ಜಾಣತನ.

ವಕೀಲರನ್ನು ಬದಲಿಸಬೇಕೆಂಬ ಸಿಟ್ಟು ಸಹಜ. ಹಳೆಯ ವಕೀಲರ ಒಪ್ಪಿಗೆ, ಹೊಸ ವಕಾಲತ್ತು, ಕಡತ ಹಸ್ತಾಂತರ ಇವೆಲ್ಲ ವಾರಗಟ್ಟಲೆ ಎಳೆಯುವ ಕೆಲಸ. ಮೊದಲು ಅರ್ಜಿ ಹೋಗಲಿ. ಫೀಸು ಬಾಕಿ ಎಂದು ಕಡತ ಹಿಡಿದಿಟ್ಟುಕೊಳ್ಳುವ ಹಕ್ಕು ವಕೀಲರಿಗಿಲ್ಲವೆಂದು ಸುಪ್ರೀಂ ಕೋರ್ಟ್ 2000ದಲ್ಲೇ ಹೇಳಿದೆ.

ಅಮಲ್ಜಾರಿಯನ್ನು ತಡೆಯುವುದು

ಅಪೀಲು ವಜಾ ಆದ ಕ್ಷಣಕ್ಕೆ ಅದರಲ್ಲಿ ಸಿಕ್ಕಿದ್ದ ತಡೆಯಾಜ್ಞೆಯೂ ಹೋಯಿತು. ಪುನಃಸ್ಥಾಪನೆ ಅರ್ಜಿ ಹಾಕಿದ ಮಾತ್ರಕ್ಕೆ ಅದು ಮರಳುವುದಿಲ್ಲ. ಈ ಮಧ್ಯೆ ಎದುರುದಾರ ಕೋರ್ಟಿನ ಆದೇಶ ಜಾರಿ ಮಾಡುವ ಅಮೀನರನ್ನು ಕರೆತಂದು ಸ್ವಾಧೀನ ಪಡೆಯಬಹುದು, ಬೇಲಿ ಕೀಳಿಸಬಹುದು. ಆದ್ದರಿಂದ 19ನೇ ನಿಯಮದ ಅರ್ಜಿಯ ಜೊತೆಗೇ, ಅದು ತೀರ್ಮಾನವಾಗುವವರೆಗೆ ಅಮಲ್ಜಾರಿ ತಡೆಯಬೇಕೆಂದು ಪ್ರತ್ಯೇಕ ಐ.ಎ. ಹಾಕಿ, ತುರ್ತು ಎಂದು ನಮೂದಿಸಿ. ಅಮಲ್ಜಾರಿ ನಡೆಯುತ್ತಿರುವ ಮುನ್ಸಿಫ್ ಕೋರ್ಟಿಗೂ ಅರ್ಜಿ ಹಾಕಿದ್ದನ್ನು ತಿಳಿಸಿ ಕಾಲಾವಕಾಶ ಕೇಳಿ.

ಅಪೀಲು ಮರಳಿ ಕಡತಕ್ಕೆ ಬಂದಾಗ ಹಳೆಯ ಮಧ್ಯಂತರ ಆದೇಶವೂ ಜೀವಂತವಾಗುತ್ತದೆಯೇ ಎಂಬ ಪ್ರಶ್ನೆ ಕೇರಳದಿಂದಲೇ ಸುಪ್ರೀಂ ಕೋರ್ಟಿಗೆ ಹೋಗಿತ್ತು. ದಾವೆ ಪುನಃಸ್ಥಾಪನೆಯಾದರೆ ಮಧ್ಯಂತರ ಆದೇಶವೂ ಮರಳುತ್ತದೆ, ಕೋರ್ಟು ಬೇರೆ ರೀತಿ ಹೇಳಿದ್ದರೆ ಮಾತ್ರ ಇಲ್ಲ ಎಂದು 2004ರ ವರೀದ್ ಜೇಕಬ್ ಪ್ರಕರಣದಲ್ಲಿ ಬಹುಮತದ ತೀರ್ಪು ಬಂತು. ಆದರೂ ಪುನಃಸ್ಥಾಪನೆಯ ಆದೇಶದಲ್ಲೇ ‘ಹಿಂದಿನ ತಡೆಯಾಜ್ಞೆ ಮುಂದುವರಿಯುತ್ತದೆ’ ಎಂಬ ಸಾಲು ಸೇರಿಸುವಂತೆ ಕೇಳಿಕೊಳ್ಳುವುದು ಕ್ಷೇಮ. ಅಮೀನರ ಎದುರು ತೀರ್ಪಿನ ಚರ್ಚೆ ನಡೆಯುವುದಿಲ್ಲ, ತೋರಿಸಲು ಕಾಗದ ಬೇಕು.

ಎದುರುದಾರ ಅಪೀಲಿನಲ್ಲಿ ಪ್ರತಿ ಆಕ್ಷೇಪಣೆ (ಕೆಳಗಿನ ತೀರ್ಪಿನಲ್ಲಿ ತನಗೆ ವಿರುದ್ಧವಾದ ಭಾಗದ ಮೇಲಿನ ತಕರಾರು) ಹಾಕಿದ್ದರೆ ಗಮನಿಸಿ. 41ನೇ ಆದೇಶದ 22ನೇ ನಿಯಮದ ಪ್ರಕಾರ ಮೂಲ ಅಪೀಲು ಗೈರುಹಾಜರಿಗೆ ವಜಾ ಆದರೂ ಪ್ರತಿ ಆಕ್ಷೇಪಣೆಯನ್ನು ಕೋರ್ಟು ವಿಚಾರಿಸಬಹುದು. ನಿಮ್ಮದು ಹೋಗಿ ಅವರದು ಉಳಿಯುತ್ತದೆ.

ಆದೇಶ ಬಂದ ಮೇಲೆ

ಅರ್ಜಿ ಮಂಜೂರಾಗುವಾಗ ಸಾಮಾನ್ಯವಾಗಿ ಖರ್ಚು ಕೊಡುವ ಷರತ್ತು ಇರುತ್ತದೆ: ಇಂತಿಷ್ಟು ದಿನದೊಳಗೆ ಎದುರುದಾರರಿಗೆ ಇಂತಿಷ್ಟು ರೂಪಾಯಿ, ತಪ್ಪಿದರೆ ಅರ್ಜಿ ವಜಾ. ಗೆದ್ದೆವೆಂದು ಮನೆಗೆ ಹೋಗಿ ಈ ಮೊತ್ತ ಮರೆತವರ ಅಪೀಲು ಎರಡನೇ ಸಲ ಸಾಯುತ್ತದೆ. ಆದೇಶವಾದ ದಿನವೇ ಎದುರು ವಕೀಲರಿಗೆ ಕೊಟ್ಟು ರಸೀದಿ ಪಡೆದು, ಮೆಮೊ ಜೊತೆ ಕೋರ್ಟಿಗೆ ಹಾಕಿ. ಅವರು ತೆಗೆದುಕೊಳ್ಳದಿದ್ದರೆ ಕೋರ್ಟಿನಲ್ಲಿ ಠೇವಣಿ ಇಡಲು ಅನುಮತಿ ಕೇಳಿ. ಹಣ ಹೊಂದಿಸಲಾಗದಿದ್ದರೆ ಗಡುವು ಮುಗಿಯುವ ಮೊದಲೇ ಸಂಹಿತೆಯ 148ನೇ ಪ್ರಕರಣದಡಿ ಸಮಯ ವಿಸ್ತರಣೆ ಕೇಳಬೇಕು. ಒಟ್ಟು 30 ದಿನ ಮೀರದಂತೆ ವಿಸ್ತರಿಸಬಹುದೆಂದು ಆ ಪ್ರಕರಣ ಹೇಳುತ್ತದೆ.

ಪುನಃಸ್ಥಾಪನೆ ಅರ್ಜಿಯ ವಿಚಾರಣೆಯ ದಿನಗಳಲ್ಲಿ ನೀವೇ ಖುದ್ದಾಗಿ ಕೋರ್ಟಿನಲ್ಲಿರಿ. ವಕೀಲರು ಬರುವುದು ತಡವಾದರೆ ಕೇಸು ಕೂಗಿದಾಗ ಎದ್ದು ನಿಂತು ‘ನಾನು ಅಪೀಲುದಾರ, ವಕೀಲರು ಬರುತ್ತಿದ್ದಾರೆ, ಸ್ವಲ್ಪ ಸಮಯ ಕೊಡಿ’ ಎಂದರೆ ಅದೂ ಹಾಜರಿಯೇ. 3ನೇ ಆದೇಶದ 1ನೇ ನಿಯಮದಂತೆ ಕಕ್ಷಿದಾರ ಖುದ್ದಾಗಿಯೋ, ಮುಕ್ತಾರುದಾರರ ಮೂಲಕವೋ, ವಕೀಲರ ಮೂಲಕವೋ ಹಾಜರಾಗಬಹುದು. ಮಲಯಾಳಂ ಬಾರದು ಎಂದು ಹಿಂದೆ ಕುಳಿತುಬಿಡಬೇಡಿ. ಕನ್ನಡದಲ್ಲೇ ಹೇಳಿ, ಅಲ್ಲಿರುವ ಯಾರಾದರೂ ವಕೀಲರು ನ್ಯಾಯಾಧೀಶರಿಗೆ ತಿಳಿಸುತ್ತಾರೆ. ಮೊದಲ ಸಲ ಅಪೀಲು ವಜಾ ಆದ ದಿನವೂ ಹೀಗೊಬ್ಬರು ಎದ್ದು ನಿಂತಿದ್ದರೆ ಎಷ್ಟೋ ಅಪೀಲುಗಳಿಗೆ ಈ ಗತಿ ಬರುತ್ತಿರಲಿಲ್ಲ. 17ನೇ ನಿಯಮದಲ್ಲಿ ವಜಾ ಮಾಡಲೇಬೇಕೆಂದಿಲ್ಲ, ಮಾಡಬಹುದು ಎಂದಷ್ಟೇ ಇದೆ.

ಅರ್ಜಿ ತಿರಸ್ಕೃತವಾದರೆ ಆ ಆದೇಶದ ಮೇಲೆ ಅಪೀಲು ಇದೆ. 43ನೇ ಆದೇಶದ 1ನೇ ನಿಯಮದ ‘ಟಿ’ ಖಂಡ ಇದಕ್ಕೆಂದೇ ಇರುವುದು. ವಜಾ ಮಾಡಿದ್ದು ಸಬ್ ಕೋರ್ಟೇ ಆಗಿರಲಿ ಜಿಲ್ಲಾ ಕೋರ್ಟೇ ಆಗಿರಲಿ, ಅಪೀಲು ಕೋರ್ಟಾಗಿ ಕೊಟ್ಟ ಆದೇಶವಾದ್ದರಿಂದ ಸಂಹಿತೆಯ 106ನೇ ಪ್ರಕರಣದಂತೆ ನೇರ ಕೇರಳ ಹೈಕೋರ್ಟಿಗೇ ಹೋಗಬೇಕು. ಅವಧಿ 90 ದಿನ. ವಿಳಂಬ ಮನ್ನಾ ಅರ್ಜಿಯೂ ಜೊತೆಗೆ ತಿರಸ್ಕೃತವಾಗಿದ್ದರೆ ಎರಡೂ ಆದೇಶಗಳನ್ನು ಪ್ರಶ್ನಿಸಬೇಕು. ಅಲ್ಲಿ ಸೋತರೆ ಹೈಕೋರ್ಟಿನೊಳಗೆ ಇನ್ನೊಂದು ಅಪೀಲು ಇಲ್ಲ, 104ನೇ ಪ್ರಕರಣ ಅದನ್ನು ತಡೆಯುತ್ತದೆ.

ಎರ್ನಾಕುಳಂನ ಖರ್ಚು ಭರಿಸಲಾಗದವರು ಕಾನೂನು ಸೇವಾ ಪ್ರಾಧಿಕಾರಕ್ಕೆ ಅರ್ಜಿ ಕೊಡಬಹುದು. 1987ರ ಕಾಯಿದೆಯ 12ನೇ ಪ್ರಕರಣದಂತೆ ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು ಮೊದಲಾದ ಕೆಲವು ವರ್ಗದವರು ಆದಾಯದ ಮಿತಿ ನೋಡದೆ ಉಚಿತ ವಕೀಲರನ್ನು ಪಡೆಯಬಹುದು, ಆ ವರ್ಗಗಳಿಗೆ ಸೇರದವರಿಗೆ ಆದಾಯದ ಮಿತಿ ಇದೆ. ಜಿಲ್ಲಾ ಪ್ರಾಧಿಕಾರದಲ್ಲಿ ಅರ್ಜಿ ಕೊಡುವಾಗ ವಜಾ ಆದೇಶ, ತಿರಸ್ಕೃತ ಆದೇಶ, ಕೆಳಗಿನ ಕೋರ್ಟಿನ ತೀರ್ಪು, ಈ ಮೂರರ ನಕಲನ್ನೂ ಜೊತೆಗಿಟ್ಟು, 90 ದಿನ ಮುಗಿಯುವ ತಾರೀಖನ್ನು ಅರ್ಜಿಯ ತಲೆಯಲ್ಲೇ ದೊಡ್ಡದಾಗಿ ಬರೆಯಿರಿ.